ಇನ್‌ಫ್ಲ್ಯಾಮಬಲ್ ಎಂದರೆ ಹೊತ್ತಿಕೊಳ್ಳುತ್ತದೆ

ಇಂಗ್ಲಿಷಿನಲ್ಲಿ ಗೊಂದಲ ಹುಟ್ಟಿಸುವ ಗುಣವಾಚಕಗಳು ಬೇಕಾದಷ್ಟಿವೆ. ಹೆಚ್ಚಿನವುಗಳಲ್ಲಿ ತಪ್ಪಿದರೆ ಆಗುವ ನಷ್ಟ ಸಣ್ಣದು. ಹಿಸ್ಟಾರಿಕ್ ಎನ್ನಬೇಕಾದ ಕಡೆ ಹಿಸ್ಟಾರಿಕಲ್ ಎಂದರೆ ವಾಕ್ಯ ಸ್ವಲ್ಪ ಸೊಟ್ಟಗಾಗುತ್ತದೆ, ಪರೀಕ್ಷೆಯಲ್ಲಿ ಅರ್ಧ ಅಂಕ ಹೋಗಬಹುದು. ಆದರೆ ಒಂದು ಪದವನ್ನು ತಿರುಗುಮುರುಗಾಗಿ ತಿಳಿದುಕೊಂಡರೆ ಮೈ ಸುಟ್ಟುಕೊಳ್ಳುವ ಅಪಾಯವೇ ಇದೆ. ಆ ಪದ ಇನ್‌ಫ್ಲ್ಯಾಮಬಲ್. ಇವತ್ತಿನ ಮಾತು ಅದರ ಕುರಿತು.

ಅರ್ಥವನ್ನು ಮೊದಲೇ ಹೇಳಿಬಿಡುತ್ತೇನೆ. ನಡುವೆ ಎದ್ದು ಹೋಗಬೇಕಾದವರಿಗೂ ಇಷ್ಟು ತಲುಪಲೇಬೇಕು. ಇನ್‌ಫ್ಲ್ಯಾಮಬಲ್ ಎಂದರೆ ಬೇಗ ಬೆಂಕಿ ಹೊತ್ತಿಕೊಳ್ಳುವಂಥದ್ದು. ಫ್ಲ್ಯಾಮಬಲ್ ಎಂದರೂ ಬೇಗ ಬೆಂಕಿ ಹೊತ್ತಿಕೊಳ್ಳುವಂಥದ್ದೇ. ಇವು ವಿರುದ್ಧ ಪದಗಳಲ್ಲ. ಒಂದು ಹೆಚ್ಚು ಅಪಾಯ, ಇನ್ನೊಂದು ಕಡಿಮೆ ಅಪಾಯ ಎಂಬ ಭೇದವೂ ಇಲ್ಲ. ಹಾಗೆ ಭೇದ ಮಾಡಿ ವಿವರಿಸುವವರನ್ನು ನಾನು ಕೇಳಿದ್ದೇನೆ. ಅದಕ್ಕೆ ನಿಘಂಟಿನ ಆಧಾರವಿಲ್ಲ. ಬೆಂಕಿ ಹತ್ತದ ವಸ್ತುವನ್ನು ಹೇಳಬೇಕಾದಾಗ ಇಂಗ್ಲಿಷಿನವರು ನಾನ್‌ಫ್ಲ್ಯಾಮಬಲ್ ಎನ್ನುತ್ತಾರೆ. ಅಂದರೆ ಒಂದು ಡಬ್ಬಿಯ ಮೇಲೆ ನಾನ್ ಎಂದಿದ್ದರೆ ಮಾತ್ರ ನಿರಾಳ. ಇನ್ ಎಂದಿದ್ದರೂ ಅಪಾಯ, ಇನ್ ಇಲ್ಲದಿದ್ದರೂ ಅಪಾಯ.

ಆಕಾಶವಾಣಿಯಲ್ಲಿ ಮಾತಾಡುತ್ತಿರುವುದರಿಂದ ಉಚ್ಚಾರಣೆಯ ಬಗ್ಗೆಯೂ ಒಂದು ಮಾತು. ನಮ್ಮಲ್ಲಿ ಹಲವರು ಇದನ್ನು ಇನ್‌ಫ್ಲೇಮಬಲ್ ಎಂದು ಎಳೆದು ಹೇಳುತ್ತಾರೆ. ಜ್ವಾಲೆ ಎಂಬರ್ಥದ ಫ್ಲೇಮ್ ಶಬ್ದ ಮನಸ್ಸಿನಲ್ಲಿರುವುದರಿಂದ ಹಾಗಾಗುವುದು ಸಹಜ. ಇಂಗ್ಲಿಷರು ಇಲ್ಲಿ ಸ್ವರವನ್ನು ಎಳೆಯುವುದಿಲ್ಲ, ಫ್ಲ್ಯಾಮ್ ಎಂದು ಗಿಡ್ಡವಾಗಿ ಹೇಳುತ್ತಾರೆ. ಆದರೆ ಇದು ದೊಡ್ಡ ತಪ್ಪೇನಲ್ಲ. ಉಚ್ಚಾರಣೆ ತಪ್ಪಿದರೂ ಅರ್ಥ ಸರಿಯಾಗಿ ತಿಳಿದಿದ್ದರೆ ಸಾಕು ಎಂಬುದು ನನ್ನ ನಿಲುವು.

ಹಾಗಾದರೆ ಗೊಂದಲ ಹುಟ್ಟಿದ್ದು ಎಲ್ಲಿ? ಪದದ ತಲೆಯಲ್ಲಿ ಕೂತಿರುವ ಇನ್ ಎಂಬ ಎರಡಕ್ಷರದ ಪ್ರತ್ಯಯದಲ್ಲಿ. ನಮ್ಮ ಮಕ್ಕಳು ಶಾಲೆಯಲ್ಲಿ ವಿರುದ್ಧ ಪದಗಳ ಪಟ್ಟಿಯನ್ನು ಬಾಯಿಪಾಠ ಮಾಡುತ್ತಾರೆ. ಕರೆಕ್ಟ್, ಇನ್‌ಕರೆಕ್ಟ್. ವಿಸಿಬಲ್, ಇನ್‌ವಿಸಿಬಲ್. ಕಂಪ್ಲೀಟ್, ಇನ್‌ಕಂಪ್ಲೀಟ್. ಕ್ಯೂರಬಲ್, ಇನ್‌ಕ್ಯೂರಬಲ್. ಇಷ್ಟು ಓದಿದ ಮಗು ಫ್ಲ್ಯಾಮಬಲ್‌ಗೆ ವಿರುದ್ಧ ಪದ ಇನ್‌ಫ್ಲ್ಯಾಮಬಲ್ ಎಂದು ಬರೆದರೆ ಆ ಮಗುವಿನ ತರ್ಕದಲ್ಲಿ ದೋಷವಿಲ್ಲ. ಕಲಿತ ನಿಯಮವನ್ನು ಅದು ನಿಷ್ಠೆಯಿಂದ ಪಾಲಿಸಿದೆ. ದೋಷವಿರುವುದು, ಲ್ಯಾಟಿನ್ ಭಾಷೆಯಿಂದ ಇಂಗ್ಲಿಷಿಗೆ ಒಂದೇ ರೂಪದ ಎರಡು ಇನ್‌ಗಳು ಬಂದಿವೆ ಎಂಬುದನ್ನು ನಾವು ಅದಕ್ಕೆ ಹೇಳದೇ ಇದ್ದುದರಲ್ಲಿ.

ಮೊದಲನೆಯ ಇನ್ ನಿಷೇಧಾರ್ಥದ್ದು, ಇಲ್ಲ ಎನ್ನುವುದು. ಅದು ಸಂಸ್ಕೃತದ ಅ ಮತ್ತು ಅನ್ ಪ್ರತ್ಯಯಗಳ ರಕ್ತಸಂಬಂಧಿ. ನ್ಯಾಯ, ಅನ್ಯಾಯ, ಉಚಿತ, ಅನುಚಿತ ಎನ್ನುವಾಗ ನಾವು ಬಳಸುವುದೂ ಲ್ಯಾಟಿನ್ನರು ಬಳಸಿದ್ದೂ ಒಂದೇ ಹಳೆಯ ಮೂಲದಿಂದ ಬಂದದ್ದು. ಎರಡನೆಯ ಇನ್ ಬೇರೆಯೇ. ಅದಕ್ಕೆ ಒಳಗೆ, ಒಳಕ್ಕೆ ಎಂಬ ಅರ್ಥ. ಕ್ರಿಯೆಗೆ ಒತ್ತು ಕೊಡುವುದಕ್ಕೂ ಅದು ಬರುತ್ತದೆ. ಉಸಿರನ್ನು ಒಳಕ್ಕೆ ಎಳೆದುಕೊಳ್ಳುವ ಇನ್‌ಹೇಲ್, ಒಳಗೆ ಸೇರಿಸುವ ಇನ್‌ಕ್ಲೂಡ್, ಗಾಳಿ ತುಂಬಿ ಉಬ್ಬಿಸುವ ಇನ್‌ಫ್ಲೇಟ್ ಎಲ್ಲ ಈ ಎರಡನೆಯ ಮನೆತನದವು. ಲ್ಯಾಟಿನ್ನಿನಲ್ಲಿ ಫ್ಲಮ್ಮ ಎಂದರೆ ಜ್ವಾಲೆ, ಇನ್‌ಫ್ಲಮ್ಮಾರೆ ಎಂದರೆ ಬೆಂಕಿ ಹಚ್ಚು, ಉರಿಯೆಬ್ಬಿಸು. ಅದರಿಂದ ಇಂಗ್ಲಿಷಿನ ಇನ್‌ಫ್ಲೇಮ್ ಎಂಬ ಕ್ರಿಯಾಪದ ಬಂತು. ಅದಕ್ಕೆ ಏಬಲ್ ಸೇರಿ, ಹಚ್ಚಿದರೆ ಹತ್ತಬಲ್ಲದ್ದು ಎಂಬ ಅರ್ಥದ ಇನ್‌ಫ್ಲ್ಯಾಮಬಲ್ ಆಯಿತು. ಆದ್ದರಿಂದ ಈ ಪದವನ್ನು ಬಿಡಿಸುವಾಗ ಇನ್ ಒಂದು ಕಡೆ, ಫ್ಲ್ಯಾಮಬಲ್ ಇನ್ನೊಂದು ಕಡೆ ಎಂದು ಬಿಡಿಸಬಾರದು. ಇನ್‌ಫ್ಲೇಮ್ ಒಂದು ಕಡೆ, ಏಬಲ್ ಇನ್ನೊಂದು ಕಡೆ ಎಂದು ಬಿಡಿಸಬೇಕು.

ಇದು ಇಂಗ್ಲಿಷಿಗೆ ಮಾತ್ರ ಅಂಟಿದ ತೊಡಕು ಎಂದುಕೊಳ್ಳಬೇಡಿ. ನಾವು ದಿನವೂ ಆಡುವ ಮಾತಿನಲ್ಲೇ ಇಂಥದ್ದಿದೆ. ಅನುಚರ ಮತ್ತು ಅನುಚಿತ, ಎರಡನ್ನೂ ಒಟ್ಟಿಗೆ ಹೇಳಿ ನೋಡಿ. ಮೊದಲ ಮೂರು ಅಕ್ಷರಗಳು ಕಿವಿಗೆ ಹೆಚ್ಚುಕಡಿಮೆ ಒಂದೇ. ಆದರೆ ಅನುಚರನಲ್ಲಿ ಇರುವುದು ಅನು, ಹಿಂದೆ ಎಂಬ ಅರ್ಥದ ಉಪಸರ್ಗ. ಹಿಂದೆ ನಡೆಯುವವನು ಅನುಚರ. ಅನುಚಿತದಲ್ಲಿ ಇರುವುದು ಅನ್. ಉಚಿತವಲ್ಲದ್ದು ಅನುಚಿತ. ಹಾಗೆಯೇ ಅನುಕೂಲದಲ್ಲಿ ಅನು ಇದೆ, ಉಪಮೆಯೇ ಇಲ್ಲದ ಅನುಪಮದಲ್ಲಿ ಅನ್ ಇದೆ. ಅನುವಾದಕ್ಕೆ ಅನು, ಅನುತ್ತೀರ್ಣಕ್ಕೆ ಅನ್. ಕನ್ನಡದ ಮಗು ಇವುಗಳಲ್ಲಿ ಎಂದೂ ಎಡವುವುದಿಲ್ಲ. ಸಂಧಿ ಬಿಡಿಸಲು ಬಂದು ಹಾಗಾಗುವುದಲ್ಲ, ಇಡೀ ಪದವನ್ನೇ ಬಳಕೆಯಲ್ಲಿ ಕೇಳಿ ಬೆಳೆದದ್ದರಿಂದ. ಇಂಗ್ಲಿಷನ್ನು ನಾವು ಕಲಿಯುವುದು ಪುಸ್ತಕದಿಂದ, ತುಂಡು ತುಂಡಾಗಿ. ಹಾಗಾಗಿ ತುಂಡುಗಳನ್ನು ನೋಡಿ ಅರ್ಥ ಊಹಿಸುತ್ತೇವೆ. ಈ ಊಹೆ ನೂರು ಪದಗಳಲ್ಲಿ ನಮ್ಮ ಕೈ ಹಿಡಿಯುತ್ತದೆ. ಇಲ್ಲಿ ಮಾತ್ರ ಕೈಕೊಡುತ್ತದೆ.

ಇದೇ ಕುಲದ ಇನ್ನೊಂದು ಪದ ಇನ್‌ಹ್ಯಾಬಿಟಬಲ್. ಇನ್‌ಹ್ಯಾಬಿಟ್ ಎಂದರೆ ವಾಸಿಸು, ಆದ್ದರಿಂದ ಇನ್‌ಹ್ಯಾಬಿಟಬಲ್ ಎಂದರೆ ವಾಸಕ್ಕೆ ಯೋಗ್ಯವಾದ ಜಾಗ. ಹ್ಯಾಬಿಟಬಲ್ ಎಂದರೂ ಅದೇ. ವಾಸಕ್ಕೆ ಆಗದ ಜಾಗವನ್ನು ಅನ್‌ಇನ್‌ಹ್ಯಾಬಿಟಬಲ್ ಎನ್ನಬೇಕು. ಷೇಕ್ಸ್‌ಪಿಯರ್‌ನ ಕಾಲದಲ್ಲಿ ಇದೇ ಇನ್‌ಹ್ಯಾಬಿಟಬಲ್ ಪದಕ್ಕೆ ವಾಸಕ್ಕೆ ಆಗದ್ದು ಎಂಬ ಅರ್ಥವೂ ಇತ್ತು. ಫ್ರೆಂಚರು ಇಂದಿಗೂ ಆ ಅರ್ಥದಲ್ಲೇ ಬಳಸುತ್ತಾರೆ. ಹಾಗಿದ್ದರೂ ಈ ಪದದಿಂದ ಯಾರ ಪ್ರಾಣಕ್ಕೂ ಸಂಚಕಾರವಿಲ್ಲ, ಇದನ್ನು ಇಲ್ಲಿಗೆ ಬಿಡೋಣ.

ಇನ್‌ಫ್ಲ್ಯಾಮಬಲ್ ಹಳೆಯ ಪದ. 17ನೇ ಶತಮಾನದ ಆರಂಭದಿಂದಲೂ ಇಂಗ್ಲಿಷಿನಲ್ಲಿದೆ. ವಿಜ್ಞಾನದ ಚರಿತ್ರೆಯಲ್ಲಿ ಅದಕ್ಕೊಂದು ಗೌರವದ ಸ್ಥಾನವೂ ಇದೆ. 1766ರಲ್ಲಿ ಹೆನ್ರಿ ಕ್ಯಾವೆಂಡಿಷ್ ಲಂಡನ್ನಿನ ರಾಯಲ್ ಸೊಸೈಟಿಗೆ ಒಂದು ಪ್ರಬಂಧ ಕೊಟ್ಟ. ಲೋಹಗಳ ಮೇಲೆ ಆಮ್ಲ ಸುರಿದಾಗ ಹೊರಬರುವ, ಕಿಡಿ ತಾಗಿದೊಡನೆ ಹೊತ್ತಿಕೊಳ್ಳುವ ಒಂದು ಗಾಳಿಯನ್ನು ಅವನು ಅದರಲ್ಲಿ ವರ್ಣಿಸಿದ. ಅದನ್ನು ಇನ್‌ಫ್ಲ್ಯಾಮಬಲ್ ಏರ್ ಎಂದು ಕರೆದ. ಆ ಗಾಳಿ ಉರಿದಾಗ ನೀರು ಉಂಟಾಗುತ್ತದೆ ಎಂಬುದು ಮುಂದೆ ತಿಳಿಯಿತು. ಫ್ರಾನ್ಸಿನ ಲವಾಸಿಯೆ ಮತ್ತು ಅವನ ಜೊತೆಗಾರರು 1787ರಲ್ಲಿ ರಸಾಯನಶಾಸ್ತ್ರದ ಹೆಸರುಗಳನ್ನೆಲ್ಲ ಹೊಸದಾಗಿ ಹೊಂದಿಸಿದಾಗ ಅದಕ್ಕೆ ನೀರನ್ನು ಹುಟ್ಟಿಸುವುದು ಎಂಬರ್ಥದ ಹೈಡ್ರೋಜನ್ ಎಂಬ ಹೆಸರು ನಿಂತಿತು. ನಮ್ಮ ಪಠ್ಯಪುಸ್ತಕಗಳ ಜಲಜನಕ ಅದರದೇ ಅಚ್ಚುಕಟ್ಟಾದ ಕನ್ನಡ ರೂಪ. ಒಂದೇ ವಸ್ತುವಿಗೆ ಬೆಂಕಿಯಿಂದ ಒಂದು ಹೆಸರು, ನೀರಿನಿಂದ ಇನ್ನೊಂದು ಹೆಸರು. ನನಗೆ ಇದು ತುಂಬ ಹಿಡಿಸುವ ಸಂಗತಿ.

ಫ್ಲ್ಯಾಮಬಲ್ ಎಂಬ ರೂಪ ಆಮೇಲೆ ಬಂದದ್ದು, 19ನೇ ಶತಮಾನದಲ್ಲಿ. ಬಂದರೂ ಅದನ್ನು ಕೇಳುವವರಿರಲಿಲ್ಲ. ಅದಕ್ಕೆ ಜೀವ ಬಂದದ್ದು 1920ರ ದಶಕದಲ್ಲಿ. ಆ ಹೊತ್ತಿಗೆ ಪೆಟ್ರೋಲು, ಥಿನ್ನರು, ಬಣ್ಣ, ಸೆಲ್ಯುಲಾಯ್ಡ್ ಎಲ್ಲ ಸಾಮಾನ್ಯರ ಕೈಗೆ ಬಂದಿದ್ದವು. ಗೋದಾಮುಗಳಲ್ಲಿ, ರೈಲು ಡಬ್ಬಿಗಳ ಮೇಲೆ, ಪೀಪಾಯಿಗಳ ಮೇಲೆ ಇನ್‌ಫ್ಲ್ಯಾಮಬಲ್ ಎಂದು ಬರೆಯುತ್ತಿದ್ದರು. ಅದನ್ನು ಓದಿ ಇದು ಬೆಂಕಿ ಹತ್ತದ ವಸ್ತು ಎಂದು ಯಾರಾದರೂ ತಿಳಿದುಕೊಂಡರೆ ಏನು ಗತಿ ಎಂಬ ಆತಂಕ ಬೆಂಕಿಯ ವಿಷಯ ಬಲ್ಲವರನ್ನು ಕಾಡಿತು. ಅಮೆರಿಕದ ರಾಷ್ಟ್ರೀಯ ಅಗ್ನಿ ಸಂರಕ್ಷಣಾ ಸಂಘ ಮುಂದೆ ನಿಂತು ಫ್ಲ್ಯಾಮಬಲ್ ಎಂದೇ ಬರೆಯಿರಿ ಎಂದು ಒತ್ತಾಯಿಸಿತು. ವಿಮಾ ಕಂಪನಿಗಳೂ ದನಿಗೂಡಿಸಿದವು. ಎಳೆಬಿಟ್ಟ ರೇಯಾನ್ ಸ್ವೆಟರುಗಳಿಗೂ ಮಕ್ಕಳ ಕೌಬಾಯ್ ಉಡುಪುಗಳಿಗೂ ಕ್ಷಣದಲ್ಲಿ ಬೆಂಕಿ ಹತ್ತಿ ಸಾವುಗಳಾದ ಮೇಲೆ, 1953ರಲ್ಲಿ ಅಲ್ಲಿನ ಸಂಸತ್ತು ಬಟ್ಟೆಗಳ ಕುರಿತು ಒಂದು ಕಾಯಿದೆ ಮಾಡಿತು. ಅದರ ಹೆಸರು ಫ್ಲ್ಯಾಮಬಲ್ ಫ್ಯಾಬ್ರಿಕ್ಸ್ ಆ್ಯಕ್ಟ್. 1959ರಲ್ಲಿ ಬ್ರಿಟನ್ನಿನ ಮಾನಕ ಸಂಸ್ಥೆಯೂ ಗೊಂದಲಕ್ಕೆ ಎಡೆಯಿರದಂತೆ ಫ್ಲ್ಯಾಮಬಲ್, ನಾನ್‌ಫ್ಲ್ಯಾಮಬಲ್ ಎಂಬ ರೂಪಗಳನ್ನೇ ಪ್ರೋತ್ಸಾಹಿಸುವುದು ತನ್ನ ನೀತಿ ಎಂದು ಸಾರಿತು.

ಭಾಷೆಯ ಶುದ್ಧಿಯನ್ನು ಕಾಯುವವರಿಗೆ ಇದು ರುಚಿಸಲಿಲ್ಲ. ವ್ಯುತ್ಪತ್ತಿಯ ಪ್ರಕಾರ ಸರಿಯಾಗಿರುವ, 300 ವರ್ಷ ಬಾಳಿದ ಪದವನ್ನು ಓದು ಬರದವರ ಸಲುವಾಗಿ ಕೈಬಿಡುವುದೇ ಎಂದು ಅವರು ಕೇಳಿದರು. ಪದಗಳ ಚರಿತ್ರೆಯನ್ನು ಪ್ರೀತಿಸುವವನಾಗಿ ಅವರ ನೋವು ನನಗೆ ಅರ್ಥವಾಗುತ್ತದೆ. ಆದರೂ ಈ ವಾದದಲ್ಲಿ ನಾನು ಅಗ್ನಿಶಾಮಕ ದಳದವರ ಪಕ್ಷ. ಕವಿತೆಯ ಪದವನ್ನು ನಿಧಾನವಾಗಿ ಓದಬಹುದು, ನಿಘಂಟು ತೆರೆದು ನೋಡಬಹುದು. ಎಚ್ಚರಿಕೆಯ ಪದಕ್ಕೆ ಆ ಸಮಯವಿಲ್ಲ. ಡಬ್ಬಿಯನ್ನು ಎತ್ತಿಕೊಂಡ ಮನುಷ್ಯನಿಗೆ ಅದು ಆ ಕ್ಷಣದಲ್ಲೇ ತಿಳಿಯಬೇಕು, ಅದರಲ್ಲೂ ಕಡಿಮೆ ಓದಿದವನಿಗೇ ಮೊದಲು ತಿಳಿಯಬೇಕು.

ಇನ್ನು ನಮ್ಮ ದೇಶದ ವಿಷಯ. ಅಮೆರಿಕ ತನ್ನ ಬಟ್ಟೆಯ ಕಾಯಿದೆಗೆ ಫ್ಲ್ಯಾಮಬಲ್ ಎಂದು ಹೆಸರಿಡುವ ಒಂದು ವರ್ಷ ಮೊದಲು, 1952ರಲ್ಲಿ, ನಮ್ಮ ಸಂಸತ್ತು ಇನ್‌ಫ್ಲ್ಯಾಮಬಲ್ ಸಬ್‌ಸ್ಟೆನ್ಸಸ್ ಆ್ಯಕ್ಟ್ ಎಂಬ ಕಾಯಿದೆ ಮಾಡಿತು. 1934ರ ಪೆಟ್ರೋಲಿಯಂ ಕಾಯಿದೆಯ ಕಟ್ಟುಪಾಡುಗಳನ್ನು ಬೇರೆ ಅಪಾಯಕಾರಿ ವಸ್ತುಗಳಿಗೂ ವಿಸ್ತರಿಸಲು ಮಾಡಿದ ಕಾಯಿದೆ ಅದು. ಹಾಗಾಗಿ ನಮ್ಮಲ್ಲಿ ಹಳೆಯ ರೂಪ ಕಾನೂನಿನ ಒಳಗೇ ಊರಿ ಕೂತಿತು. ರೈಲ್ವೆಯ ಎಚ್ಚರಿಕೆಗಳಲ್ಲಿ, ಪೆಟ್ರೋಲ್ ಬಂಕುಗಳಲ್ಲಿ, ಟ್ಯಾಂಕರುಗಳ ಬೆನ್ನ ಮೇಲೆ ನಾವು ನೋಡುತ್ತ ಬಂದದ್ದು ಅದನ್ನೇ. ಎನ್‌ಸಿಇಆರ್‌ಟಿಯವರ 8ನೇ ತರಗತಿಯ ವಿಜ್ಞಾನ ಪುಸ್ತಕದ ದಹನ ಮತ್ತು ಜ್ವಾಲೆ ಪಾಠದಲ್ಲೂ ಬಹುಕಾಲ ಇದ್ದದ್ದು ಇನ್‌ಫ್ಲ್ಯಾಮಬಲ್ ಎಂಬ ರೂಪವೇ. ಇತ್ತ 1989ರ ಅಪಾಯಕಾರಿ ರಾಸಾಯನಿಕಗಳ ನಿಯಮಗಳಲ್ಲಿ, ಕೈಗೆ ಹಚ್ಚಿಕೊಳ್ಳುವ ಸ್ಯಾನಿಟೈಸರಿನ ಸೀಸೆಯ ಮೇಲೆ, ಸೊಳ್ಳೆ ಹೊಡೆಯುವ ಸ್ಪ್ರೇ ಡಬ್ಬಿಯ ಮೇಲೆ ಫ್ಲ್ಯಾಮಬಲ್ ಎಂದಿರುತ್ತದೆ. ಹೀಗೆ ಒಂದೇ ಮನೆಯವರು ಬೀದಿಯಲ್ಲಿ ಒಂದು ರೂಪವನ್ನೂ ಬಚ್ಚಲುಮನೆಯ ಕಪಾಟಿನಲ್ಲಿ ಇನ್ನೊಂದು ರೂಪವನ್ನೂ ಓದುತ್ತಾರೆ. ಎರಡೂ ಕಣ್ಣಿಗೆ ಬೀಳುವುದರಿಂದಲೇ ಇವು ಒಂದಕ್ಕೊಂದು ವಿರುದ್ಧ ಇರಬೇಕು ಎಂಬ ಅನುಮಾನ ಬಲಿಯುತ್ತದೆ. ಒಂದೇ ರೂಪ ಎಲ್ಲ ಕಡೆ ಇದ್ದಿದ್ದರೆ ಇಷ್ಟು ತೊಂದರೆಯಾಗುತ್ತಿರಲಿಲ್ಲ.

ಸ್ಯಾನಿಟೈಸರಿನ ಮಾತು ಬಂತು. 2020ರಿಂದ ಈಚೆಗೆ ಅದು ಎಲ್ಲರ ಮನೆಯಲ್ಲೂ ಇದೆ. ಹೆಚ್ಚಿನವರಿಗೆ ಅದು ಸೋಪಿನ ಬದಲಿ. ಆದರೆ ಅದರ ಬಹುಭಾಗ ಮದ್ಯಸಾರ. ವಿಶ್ವ ಆರೋಗ್ಯ ಸಂಸ್ಥೆ ಸೂಚಿಸಿದ ಮಿಶ್ರಣಗಳು ಸುಮಾರು 17ರಿಂದ 19 ಡಿಗ್ರಿ ಸೆಲ್ಸಿಯಸ್ ಉಷ್ಣತೆಯಲ್ಲೇ ಹೊತ್ತಿಕೊಳ್ಳುವಷ್ಟು ಆವಿ ಬಿಡುತ್ತವೆ. ಬೆಂಗಳೂರಿನ ಚಳಿಗಾಲದ ಮಧ್ಯಾಹ್ನವೂ ಅದಕ್ಕಿಂತ ಬೆಚ್ಚಗಿರುತ್ತದೆ. ಅದನ್ನು ಹಚ್ಚಿಕೊಂಡ ಕೈ ಒಣಗುವ ಮೊದಲು ಒಲೆಯ ಹತ್ತಿರ, ದೇವರ ದೀಪದ ಹತ್ತಿರ ಹೋಗಬಾರದು. ಸೀಸೆಯ ಹಿಂದೆ ಸಣ್ಣ ಅಕ್ಷರದಲ್ಲಿ ಫ್ಲ್ಯಾಮಬಲ್ ಎಂದು ಬರೆದಿರುವುದು ಇದಕ್ಕೇ.

ವಿದ್ಯಾರ್ಥಿಗಳಿಗೆ, ಪತ್ರಿಕೆಗಳಲ್ಲಿ ಕೆಲಸ ಮಾಡುವವರಿಗೆ ಒಂದು ಮಾತು. ನೀವು ಇಂಗ್ಲಿಷಿನಲ್ಲಿ ಬರೆಯುವಾಗ ಫ್ಲ್ಯಾಮಬಲ್ ಎಂದೇ ಬರೆಯಿರಿ. ಬೇರೆಯವರು ಬರೆದ ಇನ್‌ಫ್ಲ್ಯಾಮಬಲ್ ಕಂಡರೆ ಬೆಂಕಿ ಎಂದೇ ಓದಿಕೊಳ್ಳಿ. ಇವೆರಡರ ಪಕ್ಕದಲ್ಲಿ ಇನ್‌ಫ್ಲ್ಯಾಮಟರಿ ಎಂಬ ಮೂರನೆಯ ಪದವೊಂದಿದೆ, ಅದನ್ನು ಇಲ್ಲಿಗೆ ತರಬೇಡಿ. ಇನ್‌ಫ್ಲ್ಯಾಮಬಲ್ ಎಂದರೆ ತಾನು ಹೊತ್ತಿಕೊಳ್ಳುವುದು, ಇನ್‌ಫ್ಲ್ಯಾಮಟರಿ ಎಂದರೆ ಇನ್ನೊಂದನ್ನು ಹೊತ್ತಿಸುವುದು. ಜನರನ್ನು ಕೆರಳಿಸುವ ಭಾಷಣ ಇನ್‌ಫ್ಲ್ಯಾಮಟರಿ, ಅದನ್ನು ಕೇಳಿ ಕೆರಳಲು ಸಿದ್ಧವಾಗಿರುವ ಜನಜಂಗುಳಿ ಇನ್‌ಫ್ಲ್ಯಾಮಬಲ್. ವೈದ್ಯರು ಹೇಳುವ ಇನ್‌ಫ್ಲ್ಯಾಮೇಶನ್ ಕೂಡ ಈ ಕುಟುಂಬದ್ದೇ. ಅದಕ್ಕೆ ಕನ್ನಡದಲ್ಲಿ ಉರಿಯೂತ ಎಂಬ ಪದ ಕಟ್ಟಿದವರಿಗೆ ನಾವು ಋಣಿಗಳಾಗಿರಬೇಕು. ಉರಿ ಮತ್ತು ಊತ, ರೋಗಿ ಹೇಳುವ ಎರಡು ಲಕ್ಷಣಗಳೂ ಒಂದೇ ಪದದಲ್ಲಿ ಬಂದುಬಿಟ್ಟಿವೆ.

ಇಷ್ಟಾದರೂ ಒಂದು ಪ್ರಶ್ನೆ ಉಳಿಯುತ್ತದೆ. ಇನ್ ತೆಗೆದುಹಾಕಿದ ಮಾತ್ರಕ್ಕೆ ಅಪಾಯ ಪೂರ್ತಿ ತಿಳಿದಂತಾಯಿತೇ? ಇದಕ್ಕೆ ಉತ್ತರ ಹುಡುಕುವಾಗ ನನಗೆ ನೆನಪಾಗುವವರು ಬೆಂಜಮಿನ್ ಲೀ ವೋರ್ಫ್. 1897ರಲ್ಲಿ ಹುಟ್ಟಿ 1941ರಲ್ಲಿ ತೀರಿಕೊಂಡ ಈ ಅಮೆರಿಕನ್ನರು ಭಾಷಾವಿಜ್ಞಾನಿಗಳ ನಡುವೆ ದೊಡ್ಡ ಹೆಸರು. ಆದರೆ ಅವರ ಹೊಟ್ಟೆಪಾಡಿನ ಕೆಲಸ ಬೇರೆ. ಅವರು ರಸಾಯನಶಾಸ್ತ್ರದ ಎಂಜಿನಿಯರ್. 1919ರಿಂದ ಸಾಯುವವರೆಗೂ ಕನೆಕ್ಟಿಕಟ್ ರಾಜ್ಯದ ಹಾರ್ಟ್‌ಫರ್ಡ್ ನಗರದಲ್ಲಿ ಬೆಂಕಿ ವಿಮಾ ಕಂಪನಿಯೊಂದರಲ್ಲಿ ದುಡಿದರು. ಎಲ್ಲಿ ಬೆಂಕಿ ಬಿತ್ತು, ಯಾಕೆ ಬಿತ್ತು, ಮುಂದೆ ಬೀಳದಂತೆ ಏನು ಮಾಡಬೇಕು ಎಂದು ನೋಡುವುದು ಅವರ ಉದ್ಯೋಗ. ತಂತಿ ಕೆಟ್ಟಿತ್ತೇ, ಗಾಳಿಯಾಡಲು ಜಾಗವಿರಲಿಲ್ಲವೇ ಎಂದು ನೂರಾರು ವರದಿಗಳನ್ನು ಪರಿಶೀಲಿಸುತ್ತ ಹೋದಂತೆ ಅವರಿಗೆ ಇನ್ನೊಂದು ಕಾರಣ ಕಾಣತೊಡಗಿತು. ಜನ ಒಂದು ವಸ್ತುವಿಗೆ ಏನೆಂದು ಹೆಸರಿಟ್ಟಿದ್ದಾರೋ ಆ ಹೆಸರಿಗೆ ತಕ್ಕಂತೆ ಅದರೊಡನೆ ನಡೆದುಕೊಳ್ಳುತ್ತಾರೆ, ವಸ್ತುವಿನ ಗುಣಕ್ಕೆ ತಕ್ಕಂತೆ ಅಲ್ಲ.

ಅವರು ಕೊಟ್ಟ ಪ್ರಸಿದ್ಧ ಉದಾಹರಣೆ ಪೆಟ್ರೋಲ್ ಡ್ರಮ್ಮುಗಳದು. ತುಂಬಿದ ಡ್ರಮ್ಮುಗಳು ಇರುವ ಕಡೆ ಕೆಲಸಗಾರರು ಬಹಳ ಜೋಪಾನವಾಗಿರುತ್ತಾರೆ. ಖಾಲಿ ಡ್ರಮ್ಮುಗಳನ್ನು ಪೇರಿಸಿಟ್ಟ ಕಡೆ ಸಿಗರೇಟು ಸೇದುತ್ತಾರೆ, ತುಂಡನ್ನು ಅಲ್ಲೇ ಎಸೆಯುತ್ತಾರೆ. ಖಾಲಿ ಎಂಬ ಮಾತು ಏನೂ ಇಲ್ಲ, ಭಯವಿಲ್ಲ ಎಂದು ಅವರಿಗೆ ಹೇಳುತ್ತಿರುತ್ತದೆ. ನಿಜದಲ್ಲಿ ಖಾಲಿ ಡ್ರಮ್ಮೇ ಹೆಚ್ಚು ಅಪಾಯಕಾರಿ, ಅದರೊಳಗೆ ಸಿಡಿಯಬಲ್ಲ ಆವಿ ತುಂಬಿರುತ್ತದೆ. ವೋರ್ಫ್ ಇದನ್ನು 1939ರಲ್ಲಿ ಬರೆದ ಒಂದು ಪ್ರಬಂಧದಲ್ಲಿ ವಿವರಿಸಿದ್ದಾರೆ. ಭಾಷೆಯೇ ಮನುಷ್ಯನ ಯೋಚನೆಯನ್ನು ರೂಪಿಸುತ್ತದೆ ಎಂಬ ಅವರ ದೊಡ್ಡ ಸಿದ್ಧಾಂತವನ್ನು ವಿದ್ವಾಂಸರು ಎಷ್ಟೋ ರೀತಿಯಲ್ಲಿ ಪ್ರಶ್ನಿಸಿದ್ದಾರೆ, ಇವತ್ತಿಗೂ ಪ್ರಶ್ನಿಸುತ್ತಿದ್ದಾರೆ. ಡ್ರಮ್ಮಿನ ಉದಾಹರಣೆ ಮಾತ್ರ ಆ ಚರ್ಚೆಯ ಸೋಲು ಗೆಲುವನ್ನು ಕಾಯಬೇಕಾಗಿಲ್ಲ. ಅದು ಕಣ್ಣಿಗೆ ಕಾಣುವ ಸತ್ಯ. ನಮ್ಮೂರುಗಳಲ್ಲಿ ಹಳೆಯ ಪೆಟ್ರೋಲ್ ಬ್ಯಾರಲ್ಲನ್ನು ನೀರು ತುಂಬಲೆಂದು ಕತ್ತರಿಸಿಕೊಡಲು ವೆಲ್ಡಿಂಗ್ ಅಂಗಡಿಗೆ ಒಯ್ಯುತ್ತಾರಲ್ಲ, ಅಲ್ಲಿಯೂ ಕೇಳಿಬರುವ ಮಾತು ಇದೇ: ಖಾಲಿ ಇದೆ, ಏನಾಗಲ್ಲ.

ಏನಾಗುತ್ತದೆ ಎಂಬುದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಪೆಟ್ರೋಲ್ ಎಂಬ ದ್ರವ ತಾನಾಗಿ ಉರಿಯುವುದಿಲ್ಲ. ಉರಿಯುವುದು ಅದರಿಂದ ಏಳುವ ಆವಿ. ಆ ಆವಿಯೂ ಗಾಳಿಯೊಡನೆ ಒಂದು ಹದದಲ್ಲಿ ಬೆರೆತಾಗ ಮಾತ್ರ ಹೊತ್ತಿಕೊಳ್ಳುತ್ತದೆ. ಪೆಟ್ರೋಲಿನ ಮಟ್ಟಿಗೆ ಆ ಹದ ನೂರಕ್ಕೆ ಸುಮಾರು ಒಂದೂವರೆಯಿಂದ ಏಳೂವರೆ ಪಾಲು. ತುಂಬಿದ ಡ್ರಮ್ಮಿನಲ್ಲಿ ಗಾಳಿಗೆ ಜಾಗವೇ ಇಲ್ಲ. ಬರಿದಾದ ಡ್ರಮ್ಮಿನ ತಳದಲ್ಲಿ ಒಂದು ಲೋಟದಷ್ಟು ಉಳಿದಿದ್ದರೂ ಆವಿಯೂ ಗಾಳಿಯೂ ಬೆರೆಯಲು ಒಳಗೆಲ್ಲ ಅವಕಾಶ. ವೆಲ್ಡಿಂಗಿನ ಒಂದು ಕಿಡಿ ಬಿದ್ದರೆ ಮುಚ್ಚಿದ ಪಾತ್ರೆಯೊಳಗೆ ಸ್ಫೋಟ. ಎಷ್ಟು ಉಷ್ಣತೆಯಲ್ಲಿ ಒಂದು ದ್ರವ ಹೊತ್ತಿಕೊಳ್ಳುವಷ್ಟು ಆವಿ ಬಿಡುತ್ತದೋ ಅದನ್ನು ಫ್ಲ್ಯಾಶ್ ಪಾಯಿಂಟ್ ಎನ್ನುತ್ತಾರೆ. ಪೆಟ್ರೋಲಿಗೆ ಅದು ಸೊನ್ನೆಗಿಂತ ಸುಮಾರು 40 ಡಿಗ್ರಿ ಕೆಳಗೆ. ನಮ್ಮ ಪೆಟ್ರೋಲಿಯಂ ಕಾಯಿದೆ 23 ಡಿಗ್ರಿಗಿಂತ ಕಡಿಮೆ ಫ್ಲ್ಯಾಶ್ ಪಾಯಿಂಟ್ ಇರುವವನ್ನು ಎ ವರ್ಗಕ್ಕೂ, 23ರಿಂದ 65ರವರೆಗಿನವನ್ನು ಬಿ ವರ್ಗಕ್ಕೂ ಸೇರಿಸುತ್ತದೆ. ಪೆಟ್ರೋಲ್ ಎ ವರ್ಗದ್ದು, ಸೀಮೆಎಣ್ಣೆ ಮತ್ತು ಡೀಸೆಲ್ ಬಿ ವರ್ಗದವು. ಸೀಮೆಎಣ್ಣೆಯ ಅಭ್ಯಾಸದಲ್ಲಿ ಬೆಳೆದ ಕೈ ಪೆಟ್ರೋಲಿನೊಡನೆಯೂ ಅದೇ ಸಲಿಗೆಯಿಂದ ನಡೆದುಕೊಂಡಾಗ ಅನಾಹುತವಾಗುವುದು ಈ ವ್ಯತ್ಯಾಸದಿಂದ. ಒಲೆ ಹೊತ್ತಿಸಲು ಸೀಮೆಎಣ್ಣೆಯ ಬದಲು ಪೆಟ್ರೋಲ್ ಸುರಿದು ಸುಟ್ಟುಕೊಂಡವರ ಸುದ್ದಿ ಓದಿದಾಗಲೆಲ್ಲ ನನಗೆ ಅನ್ನಿಸುತ್ತದೆ: ಎರಡಕ್ಕೂ ಅನ್ವಯಿಸುವ ಒಂದೇ ವಿಶೇಷಣ ಈ ವ್ಯತ್ಯಾಸವನ್ನು ಹೇಳಲಾರದು.

ಇಲ್ಲಿಗೆ ಕನ್ನಡದ ಪ್ರಶ್ನೆಗೆ ಬಂದೆವು. ಇನ್‌ಫ್ಲ್ಯಾಮಬಲ್‌ಗೆ ಕನ್ನಡದಲ್ಲಿ ಏನೆನ್ನಬೇಕು? ದಹನಶೀಲ ಎಂಬ ಪದವಿದೆ, ಸಭ್ಯ ಪದ, ಪುಸ್ತಕಕ್ಕೆ ಸಾಕು. ದಹ್ಯ ಎಂಬುದೂ ಇದೆ. ಪತ್ರಿಕೆಗಳಲ್ಲಿ ಕೆಲವೊಮ್ಮೆ ದಹನಕಾರಿ ಎಂದು ಬರೆಯುತ್ತಾರೆ. ಅದು ಸುಡುವಂಥದ್ದು ಎಂದಾಗುತ್ತದೆ, ಸುಟ್ಟುಹೋಗುವಂಥದ್ದು ಎಂದಲ್ಲ. ಹಿಂದಿಯವರ ಜ್ವಲನಶೀಲ ಲಾರಿಗಳ ಮೇಲೆ ಬರೆದು ಬರೆದು ನಮಗೂ ಪರಿಚಯವಾಗಿದೆ. ಇವು ಯಾವುವೂ ತಪ್ಪಲ್ಲ. ಆದರೆ ರಸ್ತೆ ಬದಿಯಲ್ಲಿ ನಿಂತವರಿಗೆ ಇವು ಇಂಗ್ಲಿಷಿನಷ್ಟೇ ದೂರದ ಪದಗಳು.

ಹತ್ತಿರದ ಮಾತುಗಳು ನಮ್ಮಲ್ಲಿ ಎಷ್ಟಿವೆ ನೋಡಿ. ಧಾರವಾಡದ ಕಡೆ ಬೆಂಕಿ ಹತ್ತುತ್ತದೆ, ಮೈಸೂರಿನ ಕಡೆ ಹೊತ್ತಿಕೊಳ್ಳುತ್ತದೆ, ಕರಾವಳಿಯಲ್ಲಿ ಹಿಡಿಯುತ್ತದೆ. ಎಲ್ಲ ಕಡೆ ಬೆಂಕಿ ತಗುಲುತ್ತದೆ, ಬೀಳುತ್ತದೆ. ಹೊತ್ತಿಕೊಂಡ ಮೇಲೆ ಉರಿಯುತ್ತದೆ, ಉರಿದು ಸುಡುತ್ತದೆ. ಅಡುಗೆಮನೆಯಲ್ಲಾದರೆ ಸೀಯುತ್ತದೆ, ಕರಟುತ್ತದೆ. ಹೊತ್ತುವುದು ಬೇರೆ, ಉರಿಯುವುದು ಬೇರೆ ಎಂಬ ವಿವೇಕ ಕನ್ನಡದ ಕ್ರಿಯಾಪದಗಳ ಒಳಗೇ ಇದೆ. ಹಸಿ ಸೌದೆ ಉರಿಯುತ್ತದೆ, ಆದರೆ ಬೇಗ ಹೊತ್ತುವುದಿಲ್ಲ. ಇಂಗ್ಲಿಷಿನಲ್ಲಿ ಕಂಬಸ್ಟಿಬಲ್ ಮತ್ತು ಫ್ಲ್ಯಾಮಬಲ್ ಎಂದು ತಜ್ಞರು ಮಾಡುವ ಭೇದವನ್ನು ಒಲೆ ಊದಿದ ಯಾವ ತಾಯಿಗೂ ವಿವರಿಸಬೇಕಾಗಿಲ್ಲ. ಹೀಗಿರುವಾಗ ಒಂದು ಗುಣವಾಚಕಕ್ಕೆ ಇನ್ನೊಂದು ಗುಣವಾಚಕವನ್ನೇ ಹುಡುಕುತ್ತ ಕೂರುವುದೇಕೆ? ನಮ್ಮ ಭಾಷೆಯ ಶಕ್ತಿ ಇರುವುದು ಕ್ರಿಯಾಪದದಲ್ಲಿ. ಒಂದು ಪೂರ್ತಿ ವಾಕ್ಯವನ್ನೇ ಬರೆಯೋಣ.

ಇದು ಬರೀ ಭಾಷಾಭಿಮಾನದ ಮಾತಲ್ಲ. ಮಂಗಳೂರಿನ ಬಂದರಿನಲ್ಲಿ ಇಳಿಯುವ ಅಡುಗೆ ಅನಿಲ ಟ್ಯಾಂಕರುಗಳಲ್ಲಿ ಶಿರಾಡಿ ಘಾಟಿ ಹತ್ತಿ ಒಳನಾಡಿಗೆ ಬರುತ್ತದೆ, ಕರಾವಳಿಯ ಹೆದ್ದಾರಿ ಹಿಡಿದು ಕೇರಳಕ್ಕೂ ಹೋಗುತ್ತದೆ. 2012ರ ಆಗಸ್ಟಿನಲ್ಲಿ ಮಂಗಳೂರಿನಿಂದ ಹೊರಟ ಒಂದು ಟ್ಯಾಂಕರ್ ಕಣ್ಣೂರಿನ ಬಳಿಯ ಚಾಲದಲ್ಲಿ ಉರುಳಿ, ಸೋರಿದ ಅನಿಲ ಸುತ್ತಲಿನ ಮನೆಗಳಿಗೆ ಹಬ್ಬಿ ಹೊತ್ತಿಕೊಂಡು ಸುಮಾರು 20 ಜನ ಸತ್ತರು. ಮರುವರ್ಷದ ಏಪ್ರಿಲಿನಲ್ಲಿ ನಮ್ಮ ಉಪ್ಪಿನಂಗಡಿ ಹತ್ತಿರದ ಪೆರ್ನೆಯಲ್ಲಿ ಅಂಥದ್ದೇ ದುರಂತ ನಡೆಯಿತು. 2017ರ ಜೂನಿನಲ್ಲಿ ಪಾಕಿಸ್ತಾನದ ಅಹ್ಮದ್‌ಪುರ ಈಸ್ಟ್ ಎಂಬಲ್ಲಿ ಉರುಳಿದ ಟ್ಯಾಂಕರಿನಿಂದ ಪೆಟ್ರೋಲ್ ತುಂಬಿಕೊಳ್ಳಲು ಕೊಡ, ಕ್ಯಾನು ಹಿಡಿದು ಬಂದ ಹಳ್ಳಿಯವರಲ್ಲಿ 200ಕ್ಕೂ ಹೆಚ್ಚು ಜನ ಬೆಂದುಹೋದರು. ಇವರೆಲ್ಲ ಒಂದು ಇಂಗ್ಲಿಷ್ ಪದವನ್ನು ತಪ್ಪಾಗಿ ಓದಿ ಸತ್ತರು ಎಂದು ನಾನು ಹೇಳುತ್ತಿಲ್ಲ. ಪೆಟ್ರೋಲಿಗೆ ಬೆಂಕಿ ಹತ್ತುತ್ತದೆ ಎಂದು ಯಾರಿಗೆ ಗೊತ್ತಿಲ್ಲ? ಕಾಣದ ಆವಿ ಅಷ್ಟು ದೂರ ಹಬ್ಬಿರುತ್ತದೆ, ಎಲ್ಲೋ ಹಚ್ಚಿದ ಬೀಡಿಯೋ ಚಾಲೂ ಮಾಡಿದ ಬೈಕೋ ಸಾಕು ಎಂಬುದು ಮಾತ್ರ ಎಲ್ಲರಿಗೂ ಗೊತ್ತಿರುವುದಿಲ್ಲ. ಅಡುಗೆ ಅನಿಲವಂತೂ ಗಾಳಿಗಿಂತ ಭಾರ. ಮೇಲೇರಿ ಚದುರಿ ಹೋಗುವುದಿಲ್ಲ, ನೆಲ ಹಿಡಿದು ತಗ್ಗಿನ ಕಡೆ, ಚರಂಡಿಯ ಕಡೆ ಹರಿಯುತ್ತದೆ. ಟ್ಯಾಂಕರಿನ ಮೇಲಿನ ಇನ್‌ಫ್ಲ್ಯಾಮಬಲ್ ಪದಕ್ಕೆ ಇಷ್ಟನ್ನೆಲ್ಲ ಹೇಳುವ ಶಕ್ತಿಯಿಲ್ಲ. ಇನ್ ತೆಗೆದರೂ ಇಲ್ಲ.

ಟ್ಯಾಂಕರುಗಳ ಮೇಲೆ ಕಾನೂನಿನ ಪ್ರಕಾರ ಇರಬೇಕಾದ ಫಲಕವೊಂದು ಈಗಾಗಲೇ ಇದೆ. ಬೆಂಕಿಯ ಚಿತ್ರವಿರುವ ವಜ್ರಾಕಾರದ ಗುರುತು, ವಿಶ್ವಸಂಸ್ಥೆಯ ಕ್ರಮಸಂಖ್ಯೆ ಅದರಲ್ಲಿರುತ್ತವೆ. 1203 ಎಂದಿದ್ದರೆ ಪೆಟ್ರೋಲ್, 1202 ಎಂದರೆ ಡೀಸೆಲ್, 1075 ಎಂದರೆ ಅಡುಗೆ ಅನಿಲ. ಅಗ್ನಿಶಾಮಕ ದಳದವರಿಗೆ ಅದು ಬೇಕೇ ಬೇಕು, ಇರಲಿ. ಅದರ ಜೊತೆಗೆ ಪೆರ್ನೆಯ ಅಂಗಡಿಯವನಿಗೆ, ಸಕಲೇಶಪುರದ ತೋಟದ ಆಳಿಗೆ, ದೂರದಿಂದಲೇ ಓದಿಕೊಳ್ಳುವಷ್ಟು ದೊಡ್ಡ ಕನ್ನಡ ಅಕ್ಷರಗಳಲ್ಲಿ ಹೀಗೆ ಬರೆಸಬಹುದು: ಈ ಗಾಡಿ ಸೋರಿದರೆ ಹತ್ತಿರ ಬರಬೇಡಿ, ಗ್ಯಾಸು ನೆಲದ ಮೇಲೆ ಹರಿದು ದೂರದ ಕಿಡಿಗೂ ಹೊತ್ತಿಕೊಳ್ಳುತ್ತದೆ. ಪೆಟ್ರೋಲ್ ಟ್ಯಾಂಕರಿಗೆ: ಚೆಲ್ಲಿದ್ದನ್ನು ತುಂಬಿಕೊಳ್ಳಬೇಡಿ, ಆವಿಗೆ ಬೆಂಕಿ ಹತ್ತುತ್ತದೆ. ಬರಿದಾದ ಡ್ರಮ್ಮಿನ ಮೇಲೆ: ಖಾಲಿಯಲ್ಲ, ಒಳಗೆ ಆವಿ ಇದೆ. ಇದಕ್ಕೆ ಹೊಸ ಪದ ಕಟ್ಟುವ ಸಮಿತಿ ಬೇಡ, ನಿಘಂಟು ಬೇಡ. ಸಾರಿಗೆ ಇಲಾಖೆ, ತೈಲ ಕಂಪನಿಗಳು ಮನಸ್ಸು ಮಾಡಿದರೆ ಬಣ್ಣ ಬಳಿಯುವ ಕೆಲಸಗಾರ ಒಂದು ಮಧ್ಯಾಹ್ನದಲ್ಲಿ ಮುಗಿಸುವ ಕೆಲಸ. ಅದರ ಕೆಳಗೆ ಅನಿಲ ಸೋರಿಕೆಗೆ ಇರುವ 1906, ತುರ್ತು ಸಹಾಯದ 112, ಈ ಎರಡು ಸಂಖ್ಯೆಗಳನ್ನೂ ಬರೆಸಬೇಕು. ಕರೆ ಮಾಡುವವರು ಮಾತ್ರ ಗಾಡಿಯ ಪಕ್ಕದಲ್ಲಿ ನಿಂತು ಮೊಬೈಲ್ ತೆಗೆಯಬಾರದು. ಗಾಳಿ ಬೀಸಿಬರುವ ದಿಕ್ಕಿಗೆ, ಎತ್ತರದ ಜಾಗಕ್ಕೆ, ಸಾಕಷ್ಟು ದೂರ ಹೋದ ಮೇಲೆ ಕರೆ ಮಾಡಬೇಕು.